ಅರ್ಧ ನಿಮಿಷದ ನಾಡಿ

ಕಳೆದ ತಿಂಗಳು ಅವರು ತೀರಿಕೊಂಡ ಸುದ್ದಿ ನಮ್ಮ ಕನ್ನಡ ಸಂಘದ ವಾಟ್ಸಾಪ್ ಗುಂಪಿನಲ್ಲಿ ನಾಲ್ಕು ಸಾಲುಗಳಲ್ಲಿ ಬಂತು. ನಾಲ್ಕು ಸಾಲುಗಳಲ್ಲಿ ಮೂರು ತಪ್ಪುಗಳಿದ್ದವು. ಅವರು ಬ್ರಿಟಿಷ್ ಟೆಲಿವಿಷನ್ನಿನ ‘ಸೂಪರ್‌ಸ್ಟಾರ್’ ಆಗಿದ್ದರು ಎಂಬುದು ಮೊದಲನೆಯದು. ಹತ್ತು ವರ್ಷ ಕಿರುತೆರೆಯನ್ನು ಆಳಿದರು ಎಂಬುದು ಎರಡನೆಯದು. ಮದುವೆಯಾದ ಮೇಲೆ ಗಂಡ ಬಿಡಿಸಿದ್ದರಿಂದ ನಟನೆಗೆ ವಿದಾಯ ಹೇಳಿದರು ಎಂಬುದು ಮೂರನೆಯದು. ಮೊದಲ ಎರಡನ್ನು ತೀರಿಕೊಂಡವರ ಮೇಲಿನ ಪ್ರೀತಿಯೆಂದು ನಾನು ಕಡೆಗಣಿಸಬಲ್ಲೆ. ಮೂರನೆಯದನ್ನು ಬಿಡುವಂತಿಲ್ಲ. ಅದೊಂದನ್ನು ತಿದ್ದುವುದಕ್ಕಾಗಿ ಆಕೆ ತಮ್ಮ ಕೊನೆಯ ವರ್ಷಗಳನ್ನು ಖರ್ಚುಮಾಡಿದ್ದರು, ಮತ್ತು ಆ ತಿದ್ದುಪಡಿಯಲ್ಲಿ ನನ್ನ ಕೈಯೂ ಇತ್ತು.

ಗುಂಪಿನಲ್ಲಿಯೇ ನಾನು ಆಕ್ಷೇಪ ಬರೆದೆ. ಸಂಘದ ಕಾರ್ಯದರ್ಶಿ ಬೆಂಗಳೂರಿನ ಸಾಫ್ಟ್‌ವೇರ್ ಇಂಜಿನಿಯರು, ಒಳ್ಳೆಯ ಮನುಷ್ಯ. “ಸಾರಿ ಅಂಕಲ್, ರಾಜ್ಯೋತ್ಸವದ ಹಳೇ ಫ್ಲೈಯರ್‌ನಿಂದ ಕಾಪಿ ಮಾಡ್ಬಿಟ್ಟೆ” ಎಂದು ಕೂಡಲೇ ಉತ್ತರಿಸಿದರು. ಅಷ್ಟರಲ್ಲಿ ಆ ನಾಲ್ಕು ಸಾಲುಗಳ ಕೆಳಗೆ ಕೈಮುಗಿದ ಚಿತ್ರಗಳು ಸಾಲುಗಟ್ಟಿ ನಿಂತಿದ್ದವು. ಒಪ್ಪಿತವಾದ ಸುಳ್ಳು ಹುಟ್ಟುವುದು ದುಷ್ಟರಿಂದಲ್ಲ, ಅವಸರದಲ್ಲಿರುವ ಒಳ್ಳೆಯವರಿಂದ ಎಂಬುದನ್ನು ನಾನು ಬಹಳ ಹಿಂದೆಯೇ ಕಲಿತಿದ್ದೆ.

ಆಕೆಯ ಹೆಸರನ್ನು ಇಲ್ಲಿ ಹೇಳುವುದಿಲ್ಲ. ಅದು ಅವರದೇ ಅಪ್ಪಣೆ. “ಧಾರಾವಾಹಿಯ ಪಟ್ಟಿಯಲ್ಲಿ ನನ್ನ ಹೆಸರು ಯಾವಾಗಲೂ ಕಡೆಗೆ, ಅದೂ ಓಡುವಾಗ. ಈಗ ಅದನ್ನು ಮೇಲೆ ಹಾಕಿ ಎಂತ ಮಾಡ್ಲಿಕ್ಕುಂಟು ಮಾಸ್ಟ್ರೆ?” ಎಂದಿದ್ದರು. ಅವರು ಮಂಗಳೂರಿನ ಕಡೆಯ ಕ್ರೈಸ್ತ ಕುಟುಂಬದವರು. ಮನೆಯಲ್ಲಿ ಕೊಂಕಣಿ, ಶಾಲೆಯಲ್ಲಿ ಕನ್ನಡ, ಕಾನ್ವೆಂಟಿನ ಅಂಗಳದಲ್ಲಿ ಇಂಗ್ಲಿಷ್. ನನ್ನನ್ನು ಅವರು ‘ಪ್ರೂಫ್ ಮಾಸ್ಟ್ರೆ’ ಎಂದು ಕರೆಯುತ್ತಿದ್ದರು. ನಾನು ಅವರನ್ನು ‘ಸಿಸ್ಟರ್’ ಎನ್ನುತ್ತಿದ್ದೆ. ನಮ್ಮ ಕಡೆ ನರ್ಸಮ್ಮನವರನ್ನು ಕರೆಯುವುದು ಹಾಗೆಯೇ, ಮತ್ತು ಆಕೆ ಎಲ್ಲಕ್ಕಿಂತ ಮೊದಲು ನರ್ಸು.

ನನ್ನ ಮಾತನ್ನಾದರೂ ಏಕೆ ನಂಬಬೇಕೆಂದು ಓದುಗರು ಕೇಳಬಹುದು, ಕೇಳಲೇಬೇಕು. ನಾನು ಎಂಟನೆಯ ತರಗತಿಗೆ ಶಾಲೆ ಬಿಟ್ಟವನು. ಮೈಸೂರಿನ ಒಂದು ಮುದ್ರಣಾಲಯದಲ್ಲಿ ಮೊದಲು ಸೀಸದ ಮೊಳೆ ಜೋಡಿಸಿದೆ, ಆಮೇಲೆ ಕರಡು ತಿದ್ದಿದೆ. ನನ್ನ ವಿದ್ಯೆಯೆಲ್ಲ ಬೇರೆಯವರ ಪುಸ್ತಕಗಳನ್ನು ತಲೆಕೆಳಗಾಗಿ ಓದಿ ಬಂದದ್ದು. ಅಲ್ಲಿ ಬಿನ್ನವತ್ತಳೆಗಳು ಅಚ್ಚಾಗಲು ಬರುತ್ತಿದ್ದವು. ಸನ್ಮಾನ ಮಾಡುವಾಗ ಓದಿ, ಚೌಕಟ್ಟು ಹಾಕಿ ಕೈಗೆ ಕೊಡುವ ಆ ಪತ್ರಗಳ ವಿಶೇಷಣಗಳನ್ನು ನಾವು ಬಿಡಿಸುತ್ತಲೇ ಇರಲಿಲ್ಲ. ‘ಕಲಾಕೋವಿದ’, ‘ಬಹುಮುಖ ಪ್ರತಿಭೆ’, ‘ಕೀರ್ತಿಪತಾಕೆಯನ್ನು ದಿಗಂತದಲ್ಲಿ ಹಾರಿಸಿದ’ ಮುಂತಾದ ಸಾಲುಗಳನ್ನು ದಾರದಿಂದ ಕಟ್ಟಿ ಕಪಾಟಿನಲ್ಲಿಟ್ಟು, ಹೊಸಬರು ಬಂದಾಗ ಹೆಸರು ಮಾತ್ರ ಬದಲಿಸುತ್ತಿದ್ದೆವು. ಹಾಡುಗಾರನಿಗೂ ಹಲ್ಲಿನ ವೈದ್ಯನಿಗೂ ಒಂದೇ ದಿಗಂತ, ಒಂದೇ ಪತಾಕೆ. ಅಂಥ ಕಪಾಟಿನ ಮುಂದೆ ಮೂವತ್ತು ವರ್ಷ ನಿಂತವನು ಹೊಗಳಿಕೆಯನ್ನು ಸುಲಭವಾಗಿ ನಂಬಲಾರ. ಆದ್ದರಿಂದ ಈ ಬರೆಹದಲ್ಲಿ ನಾನು ಕಂಡದ್ದನ್ನು ಕಂಡೆನೆಂದೂ ಕೇಳಿದ್ದನ್ನು ಕೇಳಿದೆನೆಂದೂ ಬರೆಯುತ್ತೇನೆ.

ಕಂಡದ್ದರಿಂದಲೇ ಆರಂಭಿಸುತ್ತೇನೆ.

ಅಮೆರಿಕದ ಗೈದರ್ಸ್‌ಬರ್ಗ್‌ನಲ್ಲಿ ನನ್ನ ಮಗಳ ಮನೆಯ ಹಿಂದೆ ಒಂದು ಕೊಳ, ಅದರ ಸುತ್ತ ಕಾಲುದಾರಿ. ಸಾಂಕ್ರಾಮಿಕದ ಎರಡನೆಯ ವಸಂತದಲ್ಲಿ, ಲಸಿಕೆ ಹಾಕಿಸಿಕೊಂಡ ಮುದುಕರು ಒಬ್ಬೊಬ್ಬರಾಗಿ ಹೊರಬರುತ್ತಿದ್ದ ದಿನಗಳಲ್ಲಿ, ನನಗೆ ಆ ದಾರಿಯಲ್ಲಿ ತಲೆ ಸುತ್ತಿ ಬೆಂಚಿನ ಮೇಲೆ ಕುಳಿತೆ. ಬೂದುಬಣ್ಣದ ಕೋಟಿನ ವೃದ್ಧೆಯೊಬ್ಬರು ಬಂದು, ಕೇಳದೆಯೇ ನನ್ನ ಮಣಿಕಟ್ಟು ಹಿಡಿದರು. ನಾನು ಇಂಗ್ಲಿಷಿನಲ್ಲಿ ಏನೋ ತೊದಲಿದೆ. ಅವರು ಇನ್ನೊಂದು ಕೈಯ ಬೆರಳನ್ನು ತುಟಿಗೆ ಇಟ್ಟುಕೊಂಡರು. ಅರ್ಧ ನಿಮಿಷ ನಾವಿಬ್ಬರೂ ಮಾತಾಡಲಿಲ್ಲ. ಆ ಅರ್ಧ ನಿಮಿಷದಲ್ಲಿ ಆಕೆಯ ಮುಖದಲ್ಲಿ ನನ್ನ ನಾಡಿಯೊಂದನ್ನು ಬಿಟ್ಟರೆ ಲೋಕದ ಬೇರೆ ಯಾವ ವಿಷಯವೂ ಇರಲಿಲ್ಲ. ಎಣಿಕೆ ಮುಗಿದ ಮೇಲೆ, “ತಿಂಡಿ ತಿನ್ನದೆ ಹೊರಟದ್ದಲ್ವಾ?” ಎಂದು ಕನ್ನಡದಲ್ಲಿಯೇ ಕೇಳಿದರು. ನಾನು ಕನ್ನಡದವನೆಂದು ಹೇಗೆ ಗೊತ್ತಾಯಿತೆಂದು ಕೇಳಿದರೆ, ಅಂಗಿಯ ಜೇಬಿಗೆ ಎರಡು ಪೆನ್ನು ಸಿಕ್ಕಿಸಿಕೊಂಡು ವಾಕಿಂಗ್ ಹೋಗುವವರು ನಮ್ಮ ಊರಿನ ಕಡೆಯವರೇ ಎಂದು ನಕ್ಕರು.

ಆಕೆಯ ಕಣ್ಣಿನ ನಡುಭಾಗದ ದೃಷ್ಟಿ ಆಗಲೇ ಮಾಸಿತ್ತು. ಎದುರಿಗಿದ್ದವರನ್ನು ಕಾಣಲು ಪಕ್ಕಕ್ಕೆ ನೋಡುತ್ತಿದ್ದರು. ಓದಲು ಆಗುತ್ತಿರಲಿಲ್ಲ. ಆದರೂ ಯಾವ ಕೋಣೆಗೆ ಹೋದರೂ ಬೆಳಕು ಎಲ್ಲಿಂದ ಬರುತ್ತದೆಂದು ತಿಳಿದುಕೊಂಡು, ಬೇರೆಯವರ ಮುಖದ ಮೇಲೆ ತಮ್ಮ ನೆರಳು ಬೀಳದಂತೆ ಕೂರುತ್ತಿದ್ದರು. ಬಾಗಿಲು ದಾಟುವ ಮುನ್ನ ಹೊಸ್ತಿಲ ಆಚೆ ಒಂದು ಕ್ಷಣ ನಿಲ್ಲುವ ಅಭ್ಯಾಸವೂ ಇತ್ತು. ವಯಸ್ಸಿನ ದಣಿವೆಂದು ನಾನು ತಿಳಿದಿದ್ದೆ. ಕೇಳಿದಾಗ, “ಒಳಗೆ ಬರುವ ಮೊದಲು ನಾನು ಎಲ್ಲಿದ್ದೆ ಅಂತ ನನಗೆ ಗೊತ್ತಿರಬೇಕು. ಅದು ಇಲ್ಲದಿದ್ದರೆ ಬರಿಗೈಯಲ್ಲಿ ಬಂದ ಹಾಗೆ” ಎಂದರು. ಆಕೆ ಒಂದು ಕಾಲಕ್ಕೆ ನಟಿಯಾಗಿದ್ದರೆಂಬುದು ನನಗೆ ತಿಳಿದದ್ದು ಅಂದು.

ಕೇಳಿದ್ದು ಇಷ್ಟು. ಹತ್ತೊಂಬತ್ತನೆಯ ವಯಸ್ಸಿಗೆ ನರ್ಸಿಂಗ್ ಕಲಿಯಲು ಲಂಡನ್ನಿಗೆ ಹೋದರು. ಅಲ್ಲಿನ ಆಸ್ಪತ್ರೆಯೊಂದರಲ್ಲಿ ಕೆಲಸದಲ್ಲಿದ್ದಾಗ, ಟೆಲಿವಿಷನ್ ನಾಟಕವೊಂದಕ್ಕೆ ಟ್ರೇ ಹಿಡಿದು ಬರುವ ಭಾರತೀಯ ಹೆಂಗಸು ಬೇಕೆಂದು ಯಾರೋ ಕೇಳಿಕೊಂಡು ಬಂದರು. ರಜೆಯ ದಿನ, ಹೋದರು. ಅಲ್ಲಿಂದ ಮೂರು ವರ್ಷಕ್ಕೂ ಕಡಿಮೆ ಅವಧಿಯಲ್ಲಿ ಮಲಯಾದ ಆಯಾ, ಈಜಿಪ್ಟಿನ ವಿಧವೆ, ಪಾಕಿಸ್ತಾನಿ ಅತ್ತೆ, ಒಮ್ಮೆ ಸ್ಪೇನಿನ ಅಡುಗೆಯವಳು. “ಐದು ದೇಶಕ್ಕೆ ಒಂದೇ ಮುಖ ಮಾರಾಯ್ರೆ. ಪಾಸ್‌ಪೋರ್ಟು ಕೇಳಿದವರಿಲ್ಲ” ಎನ್ನುತ್ತಿದ್ದರು. ಭಾರತೀಯಳ ಪಾತ್ರಕ್ಕೆ ಇವರ ಬಣ್ಣ ಸಾಲದೆಂದು ಮುಖಕ್ಕೆ ಕಂದು ಹಚ್ಚುತ್ತಿದ್ದರಂತೆ. ಇವರ ಕಾನ್ವೆಂಟ್ ಇಂಗ್ಲಿಷು ಭಾರತೀಯರದ್ದೆಂದು ಅನ್ನಿಸುವುದಿಲ್ಲವೆಂದು ಆಕ್ಷೇಪ ಬಂದಾಗ, ಊರಿನ ಇಗರ್ಜಿಯಲ್ಲಿ, ಎಂದರೆ ಚರ್ಚಿನಲ್ಲಿ, ಗಂಟೆ ಹೊಡೆಯುವ ಅಜ್ಜನ ಧಾಟಿಯಲ್ಲಿ ಸಂಭಾಷಣೆ ಹೇಳಿದರಂತೆ. ಎಲ್ಲರಿಗೂ ತೃಪ್ತಿಯಾಯಿತಂತೆ. ಇವೆಲ್ಲಕ್ಕೂ ‘ಅಂತೆ’ ಸೇರಿಸುವುದು ಅನಿವಾರ್ಯ, ಏಕೆಂದರೆ ಆ ಕಾರ್ಯಕ್ರಮಗಳು ಯಾವುವೂ ಇಂದು ಉಳಿದಿಲ್ಲ. ಟೇಪು ದುಬಾರಿಯಾಗಿದ್ದ ಕಾಲ. ಒಮ್ಮೆ ಪ್ರಸಾರವಾದದ್ದನ್ನು ಅಳಿಸಿ ಅದರ ಮೇಲೆಯೇ ಇನ್ನೊಂದನ್ನು ಮುದ್ರಿಸುತ್ತಿದ್ದರು. ಈ ಮಾತು ಕೇಳಿದ ಹೊಸ ಕಾಲದವರೆಲ್ಲ ಆಘಾತಪಡುತ್ತಾರಂತೆ. ನನಗೆ ಆಶ್ಚರ್ಯವಾಗಲಿಲ್ಲ. ಅಚ್ಚಾದ ಪುಟದ ಮೊಳೆಗಳನ್ನು ಬಿಡಿಸಿ ಮತ್ತೆ ಅದರದರ ಖಾನೆಗೆ ಎಸೆಯುವುದು ನನ್ನ ದಿನನಿತ್ಯದ ಕೆಲಸವಾಗಿತ್ತು. ಹಾಗೆಂದಾಗ ಆಕೆ ನನ್ನ ಕಡೆಗೆ, ಎಂದರೆ ನನ್ನ ಪಕ್ಕದ ಗೋಡೆಯ ಕಡೆಗೆ, ಬಹಳ ಹೊತ್ತು ನೋಡಿದರು. “ನೀವೊಬ್ಬರೇ ನನಗೆ ಪಾಪ ಅನ್ನಲಿಲ್ಲ” ಎಂದರು.

ಹಾಗಾದರೆ ಅವರು ಒಳ್ಳೆಯ ನಟಿಯಾಗಿದ್ದರೇ? ಸಾಕ್ಷ್ಯವಿಲ್ಲದೆ ಹೇಳಲಾರೆನೆಂದು ಮುಖದೆದುರೇ ಹೇಳಿದೆ. ಅವರು ಎದ್ದು ಅಡುಗೆಮನೆಗೆ ಹೋಗಿ ಟೀ ತಟ್ಟೆ ಹಿಡಿದು ಬಂದರು, ಹೋದರು, ಮತ್ತೆ ಬಂದರು. ನಾಲ್ಕು ಸಲ. ಮೊದಲು ಬಂದವಳಿಗೆ ಆ ಮನೆಯಲ್ಲಿ ಎಷ್ಟೋ ವರ್ಷಗಳ ಸಲಿಗೆಯಿತ್ತು. ಎರಡನೆಯವಳಿಗೆ ಆ ದಿನ ಬೆಳಿಗ್ಗೆ ಬೈಗುಳ ಬಿದ್ದಿತ್ತು. ಮೂರನೆಯವಳು ಬಾಗಿಲಿನ ಹಿಂದೆ ನಿಂತು ಮಾತು ಕದ್ದು ಕೇಳಿದ್ದಳು. ನಾಲ್ಕನೆಯವಳು ನಾಳೆ ಬರುವುದಿಲ್ಲವೆಂದು ನನಗೆ ಖಚಿತವಾಯಿತು. ಏಕೆ ಖಚಿತವಾಯಿತೆಂದು ಇಂದಿಗೂ ಹೇಳಲಾರೆ. ಆಕೆ ಒಂದು ಮಾತೂ ಆಡಿರಲಿಲ್ಲ. ಒಂದು ಹನಿ ಟೀಯೂ ಚೆಲ್ಲಿರಲಿಲ್ಲ. ಒಳ್ಳೆಯ ನಟಿಯಾಗಿದ್ದರು. ಇದು ಕಂಡದ್ದು.

ಎರಡು ವರ್ಷ ಹೀಗೆ ಕೊಳದ ದಾರಿಯಲ್ಲಿ ನಮ್ಮ ಸ್ನೇಹ ಸಾಗಿತು. ಆಮೇಲೆ ಒಂದು ಸೆಪ್ಟೆಂಬರಿನಲ್ಲಿ ಕಾರ್ಯದರ್ಶಿ ನಮ್ಮ ಮನೆಗೆ ಬಂದರು. ನವೆಂಬರಿನ ರಾಜ್ಯೋತ್ಸವಕ್ಕೆ ಆಂಟಿಯನ್ನು ಸನ್ಮಾನಿಸುವುದೆಂದು ಸಮಿತಿ ತೀರ್ಮಾನಿಸಿತ್ತು. “ಬಿನ್ನವತ್ತಳೆ ನೀವೇ ಬರ್ಕೊಡ್ಬೇಕು ಅಂಕಲ್. ಒಂದೇ ಪೇಜ್, ಸ್ವಲ್ಪ ಇಂಪ್ರೆಸಿವ್ ಆಗಿರ್ಲಿ. ಆ ಹಸ್ಬೆಂಡ್ ಸ್ಟಾಪ್ ಮಾಡ್ಸಿದ್ದು, ಅದೊಂದು ಇರ್ಲೇಬೇಕು. ಲೇಡೀಸ್ ಎಲ್ಲ ತುಂಬಾ ರಿಲೇಟ್ ಮಾಡ್ಕೋತಾರೆ” ಎಂದರು. ಫ್ಲೈಯರು ಆಗಲೇ ಸಿದ್ಧವಾಗಿತ್ತು. ಅಂತರ್ಜಾಲದ ಯಾವುದೋ ಪುಟದಲ್ಲಿ ಆಕೆಯ ಮದುವೆಯ ವರ್ಷವೂ ಕೊನೆಯ ಪಾತ್ರದ ವರ್ಷವೂ ಒಂದೇ ಆಗಿದ್ದವು. ಎರಡು ತಾರೀಖುಗಳು ಅಕ್ಕಪಕ್ಕ ಸಿಕ್ಕರೆ ಒಂದನ್ನು ಇನ್ನೊಂದರ ಕಾರಣವೆಂದು ಬರೆಯುವುದು ಚರಿತ್ರೆ ಬರೆಯುವವರ ಹಳೆಯ ಸೋಮಾರಿತನ. ಆದರೆ ಇಲ್ಲಿ ಕಾರ್ಯದರ್ಶಿಯ ಬಳಿ ಇನ್ನೂ ಬಲವಾದ ಆಧಾರವಿತ್ತು: ಆಕೆಯ ಮಗಳ ಮಾತು.

ಮಗಳು ಹತ್ತಿರದ ಎಲಿಕಾಟ್ ಸಿಟಿಯಲ್ಲಿದ್ದಾರೆ, ವಕೀಲೆ. ಇಲ್ಲಿಯೇ ಹುಟ್ಟಿದವರು. ಕೊಂಕಣಿ ಕೇಳಿದರೆ ತಿಳಿಯುತ್ತದೆ, ತಕ್ಕಮಟ್ಟಿಗೆ ಆಡುತ್ತಾರೆ. ಕನ್ನಡ ಹತ್ತಿಪ್ಪತ್ತು ಪದ. ಆಕೆಯ ತಂದೆ, ಎಂದರೆ ಸಿಸ್ಟರ್ ಅವರ ಪತಿ, ಲಂಡನ್ನಿನಿಂದ ಹೆಂಡತಿಯೊಡನೆ ಬಂದು ಇಲ್ಲಿನ ಒಂದು ಸರ್ಕಾರಿ ಪ್ರಯೋಗಾಲಯದಲ್ಲಿ ತೂಕ ಅಳತೆಗಳ ನಿಖರತೆಯ ಮೇಲೆ ಕೆಲಸ ಮಾಡಿ ನಿವೃತ್ತರಾದವರು, ಸಾಂಕ್ರಾಮಿಕದ ಮೊದಲ ತಿಂಗಳುಗಳಲ್ಲಿ ತೀರಿಕೊಂಡಿದ್ದರು. ಅಂತ್ಯಕ್ರಿಯೆಗೆ ಇಗರ್ಜಿಯಲ್ಲಿ ಹತ್ತು ಜನರಿಗೆ ಮಾತ್ರ ಅವಕಾಶ. ಉಳಿದವರು ಮಂಗಳೂರಿನಿಂದ, ಲಂಡನ್ನಿನಿಂದ, ಇದೇ ದೇಶದ ಕ್ಯಾರಿಯಿಂದ ತಮ್ಮ ತಮ್ಮ ಪರದೆಗಳ ಚೌಕಗಳಲ್ಲಿ ಕುಳಿತು ನೋಡಿದರು. ಆ ಎಲ್ಲ ಚೌಕಗಳೆದುರು ಮಗಳು ತಂದೆಯನ್ನು ಸ್ಮರಿಸುತ್ತ, ಅವರು ಪ್ರಾಮಾಣಿಕರು, ಶಾಂತರು, ಆದರೆ ತಾಯಿಯ ಬದುಕಿನ ಒಂದೇ ಒಂದು ಕನಸನ್ನು ಕಿತ್ತುಕೊಂಡವರು, ಅದನ್ನು ಕ್ಷಮಿಸಲು ತಾನು ಇನ್ನೂ ಪ್ರಯತ್ನಿಸುತ್ತಿದ್ದೇನೆ ಎಂದಿದ್ದರು. ಬಹಳ ಜನ ಕಣ್ಣೊರೆಸಿಕೊಂಡರಂತೆ. ಕಾರ್ಯದರ್ಶಿಯೂ ಒಂದು ಚೌಕದಲ್ಲಿದ್ದರು.

ಕಾರ್ಯದರ್ಶಿ ಹೋದ ಮೇಲೆ ನಾನು ಸಿಸ್ಟರ್ ಅವರಲ್ಲಿಗೆ ಹೋಗಿ, ಇದು ನಿಜವೇ ಎಂದು ಕೇಳಿದೆ. ಅವರು ಉತ್ತರವನ್ನು ಬಹಳ ದಿನಗಳಿಂದ ಸಿದ್ಧಪಡಿಸಿಕೊಂಡಿದ್ದವರಂತೆ, ಅವಸರವಿಲ್ಲದೆ ಹೇಳಿದರು.

ಕೊನೆಯ ವರ್ಷ ಅವರಿಗೆ ಆಸ್ಪತ್ರೆಯ ಧಾರಾವಾಹಿಯೊಂದರಲ್ಲಿ ನರ್ಸಿನ ಪಾತ್ರ ಸಿಕ್ಕಿತ್ತು. ಹೆಸರುಳ್ಳ ಪಾತ್ರ, ವಾರವಾರವೂ ಬರುವ ಪಾತ್ರ. ಕಷ್ಟವೊಂದೇ: ನಾಡಿ ಹಿಡಿದರೆ ಇವರು ಅರ್ಧ ನಿಮಿಷ ಎಣಿಸುತ್ತಿದ್ದರು. ಎಂಟು ಸೆಕೆಂಡಿನಲ್ಲಿ ಮುಗಿಸೆಂದು ನಿರ್ದೇಶಕರು. ಎಣಿಸದೆ ಹೇಗೆ ಹೇಳಲಿ ಎಂದು ಇವರು. ಹಾಸಿಗೆಯಲ್ಲಿ ಮಲಗಿರುವುದು ನಟ, ರೋಗಿಯಲ್ಲ ಎಂದು ಅವರು. ನಟನಿಗೂ ನಾಡಿ ಉಂಟಲ್ಲ ಎಂದು ಇವರು. ಕೊನೆಗೆ ಇವರು ಒಂದು ಉಪಾಯ ಕಂಡುಕೊಂಡರು. ಕ್ಯಾಮೆರಾ ತಮ್ಮ ಕಡೆ ತಿರುಗುವ ಮೊದಲೇ ಎಣಿಕೆ ಆರಂಭಿಸಿ, ತಿರುಗುವ ಹೊತ್ತಿಗೆ ಇಪ್ಪತ್ತೆರಡನೆಯ ಸೆಕೆಂಡಿಗೆ ತಂದಿಡುತ್ತಿದ್ದರು. ಕೆಲವು ತಿಂಗಳು ನಡೆಯಿತು. ಆಮೇಲೆ ಹೊಸ ನಿರ್ಮಾಪಕರು ಬಂದರು. ಒಂದು ದಿನ ಅಂಚೆಯಲ್ಲಿ ಮುಂದಿನ ಸಂಚಿಕೆಯ ಸೈಕ್ಲೋಸ್ಟೈಲ್ ಪ್ರತಿ ಬಂತು. ತಮ್ಮ ಮಾತುಗಳನ್ನು ಹುಡುಕಿದರು, ಇರಲಿಲ್ಲ. ಹದಿನೇಳನೆಯ ಪುಟದಲ್ಲಿ ಮೇಟ್ರನ್ ಪಾತ್ರ ಒಂದು ಸಾಲು ಹೇಳುತ್ತಿತ್ತು: ಆ ಹುಡುಗಿ ತನ್ನ ದೇಶಕ್ಕೆ ಹೊರಟುಹೋದಳು, ಹೊಸಬಳಿಗೆ ವಾರ್ಡು ತೋರಿಸಿ. ಯಾರೂ ಫೋನು ಮಾಡಿರಲಿಲ್ಲ. ಪ್ರತಿಯನ್ನು ಕಳುಹಿಸಿದ್ದು ಕೂಡ ಹಳೆಯ ವಿಳಾಸಪಟ್ಟಿಯ ತಪ್ಪಿನಿಂದ.

ಆಗ ಮದುವೆಯಾಗಿ ಎಂಟು ತಿಂಗಳಾಗಿತ್ತು. ಕೆಲಸದಿಂದ ಬಂದ ಗಂಡ ಮೆಟ್ಟಿಲ ಮೇಲೆ ಕುಳಿತಿದ್ದ ಹೆಂಡತಿಯನ್ನು ನೋಡಿ, ಪ್ರತಿಯನ್ನು ಮೊದಲಿನಿಂದ ಕೊನೆಯವರೆಗೆ ಓದಿ, ಟೀ ಮಾಡಿದರು. ಅದೇ ವಾರ ಮಂಗಳೂರಿನಿಂದ ಇವರ ಅಣ್ಣನ ಕಾಗದ ಬಂದಿತ್ತು. ತಂಗಿ ಟೆಲಿವಿಷನ್ನಿನಲ್ಲಿ ಬರುತ್ತಾಳೆಂದು ಊರಿಗೆಲ್ಲ ಹೇಳಿಕೊಂಡಿದ್ದೇನೆ, ಮುಂದೇನು ಎಂದು ಅಣ್ಣ ಕೇಳಿದ್ದರು. ಉತ್ತರವನ್ನು ಗಂಡ ಬರೆದರು. ‘ನಾನೇ ಬೇಡವೆಂದೆ’ ಎಂದು. ಅಂಚೆಗೆ ಹಾಕುವ ಮುನ್ನ, ಹೀಗೆ ಇರಲೇ ಎಂದು ಓದಿ ಕೇಳಿದರು. ಇರಲಿ ಎಂದು ಇವರು ಹೇಳಿದರು.

“ಆ ಕಾಲದ ಊರಿನಲ್ಲಿ ಅದು ಒಳ್ಳೆಯ ಕಾರಣ ಮಾಸ್ಟ್ರೆ. ಗಂಡ ಬೇಡ ಅಂದ ಅಂದ್ರೆ ಮುಂದೆ ಯಾರೂ ಕೇಳುವುದಿಲ್ಲ. ನನಗೆ ಅವಮಾನ ಇಲ್ಲ, ಅವರಿಗೆ ಮರ್ಯಾದೆ. ಅಣ್ಣ ಇವರನ್ನು ಹೊಗಳಿ ಬರೆದ. ಆಮೇಲೆ ಕಾಲ ತಿರುಗಿತಲ್ಲ. ಅದೇ ಮಾತಿಗೆ ಇಲ್ಲಿ ಮಗಳು ಅವರ ಹತ್ತಿರ ವರ್ಷಗಟ್ಟಲೆ ನೆಟ್ಟಗೆ ಮಾತಾಡಲಿಲ್ಲ. ಅವರು ಊಟದ ಮೇಜಿನಲ್ಲಿ ಕೂತು ನಗಾಡ್ತಾ ಸಾರು ಬಡಿಸ್ತಿದ್ರು. ನಾನು ಬಾಯಿ ಬಿಡಲಿಲ್ಲ. ತೆಗೆದುಹಾಕಿದರು ಅಂತ ಹೇಳುವುದಕ್ಕಿಂತ ಬಿಡಿಸಿದರು ಅಂತ ಹೇಳುವುದು ಸುಲಭ.”

ಪಾದ್ರಿಯವರಲ್ಲಿ ಪಾಪನಿವೇದನೆ ಮಾಡಿಕೊಂಡಾಗ, ಮಗಳಿಗೆ ಹೇಳಿಬಿಡು ಎಂದರಂತೆ. ಅದರ ಬದಲು ಜಪಮಾಲೆ ಎಷ್ಟು ಬೇಕಾದರೂ ಹೇಳುತ್ತೇನೆಂದು ಇವರು ಚೌಕಾಸಿ ಮಾಡಿದರಂತೆ. ಗಂಡ ತೀರಿಕೊಂಡ ಮೇಲೆ, ಆ ಚೌಕಗಳೆದುರಿನ ಮಾತು ಕೇಳಿದ ಮೇಲೆ, ಕೊನೆಗೂ ಮಗಳಿಗೆ ಹೇಳಿದರು. ಮಗಳು ನಂಬಲಿಲ್ಲ. ಮಮ್ಮಿ, ನೀನು ಈಗಲೂ ಪಪ್ಪಾನನ್ನು ರಕ್ಷಿಸುತ್ತಿದ್ದೀಯ, ಇಂಥ ಹೆಂಗಸರನ್ನು ನಾನು ಕೋರ್ಟಿನಲ್ಲಿ ದಿನಾ ನೋಡುತ್ತೇನೆ ಎಂದರಂತೆ.

“ನೀವು ಯಾರನ್ನೂ ನಂಬದವರು” ಎಂದು ಸಿಸ್ಟರ್ ಮಾತು ಮುಗಿಸಿದರು. “ನೀವು ನಂಬಿದರೆ ಅವಳೂ ನಂಬಿಯಾಳು. ಎಲ್ಲರ ಎದುರು ಹೇಳಿದ್ದನ್ನು ಎಲ್ಲರ ಎದುರೇ ತೆಗೀಬೇಕು. ಬಿನ್ನವತ್ತಳೆಯಲ್ಲಿ ಬರೀರಿ.”

ನಾನು ಬರೆಯಲಾರೆನೆಂದೆ. ಮಗಳ ಸಂಶಯ ನನಗೂ ಇತ್ತು. ನಾಲ್ಕು ತಟ್ಟೆಗಳಲ್ಲಿ ನಾಲ್ಕು ಹೆಂಗಸರನ್ನು ತೋರಿಸಬಲ್ಲವರು, ತೀರಿಹೋದ ಗಂಡನಿಗಾಗಿ ಐದನೆಯವಳನ್ನು ತೋರಿಸಲಾರರೇ? ಈ ಮಾತನ್ನು ಆಡಿಯೂ ಬಿಟ್ಟೆ. ಆಡಿದ ಮೇಲೆ ನನ್ನ ಒರಟುತನಕ್ಕೆ ನನಗೇ ಕಸಿವಿಸಿಯಾಯಿತು. ಆಕೆ ಮಾತ್ರ ಸಂತೋಷದಿಂದ ನಕ್ಕರು. “ಇದೇ ಬೇಕಾದದ್ದು. ಹೇಳಿ, ಎಂತ ತೋರಿಸಲಿ?”

ಆ ಹದಿನೇಳನೆಯ ಪುಟವನ್ನು ತೋರಿಸಿ ಎಂದೆ.

ಅದು ಇದ್ದರೆ ಬೇಸ್‌ಮೆಂಟಿನಲ್ಲಿ, ಗಂಡನ ಪೆಟ್ಟಿಗೆಗಳಲ್ಲಿ ಇರಬೇಕಿತ್ತು. ಆಕೆಯ ಕಣ್ಣು ಓದುವಂತಿರಲಿಲ್ಲ, ಮಗಳಿಗೆ ಹುಡುಕುವ ಮನಸ್ಸಿರಲಿಲ್ಲ. ನಾನು ನಾಲ್ಕು ದಿನ ಬೆಳಿಗ್ಗೆ ಹೋಗಿ ಕುಳಿತೆ. ಆ ಮನುಷ್ಯ ಕಾಗದ ಎಸೆಯುವವರಲ್ಲ. ಒಂದು ಬದಿ ಖಾಲಿಯಿದ್ದ ಹಾಳೆಯನ್ನಂತೂ ಎಸೆಯುವವರೇ ಅಲ್ಲ. ನಾಲ್ಕನೆಯ ದಿನ ಪ್ರತಿ ಸಿಕ್ಕಿತು. ಹದಿನೇಳನೆಯ ಪುಟವೂ ಇತ್ತು, ಮೇಟ್ರನ್ನಿನ ಸಾಲೂ ಇತ್ತು, ಆಕೆ ಹೇಳಿದಂತೆಯೇ. ಹಾಳೆಯನ್ನು ತಿರುಗಿಸಿದೆ. ಹಿಂಬದಿಯ ಖಾಲಿ ಜಾಗದಲ್ಲಿ ಶಾಯಿಯಲ್ಲಿ ಬರೆದ ಕಾಗದವೊಂದರ ಕರಡಿತ್ತು. ಅಕ್ಷರ ಕನ್ನಡ, ದುಂಡಗೆ, ಒಂದೊಂದೂ ಸ್ಪಷ್ಟ. ಆದರೆ ಒಂದು ಮಾತೂ ನನಗೆ ತಿಳಿಯಲಿಲ್ಲ. ಮಂಗಳೂರಿನ ಕ್ರೈಸ್ತರು ಕೊಂಕಣಿಯನ್ನು ಕನ್ನಡ ಲಿಪಿಯಲ್ಲಿ ಬರೆಯುವುದೇ ವಾಡಿಕೆ.

ಮೇಲೆ ಬಂದು, ಆಕೆಯೆದುರು ಕುಳಿತು, ಅರ್ಥವಾಗದ ಆ ಕಾಗದವನ್ನು ಅಕ್ಷರ ಬಿಡದೆ ಗಟ್ಟಿಯಾಗಿ ಓದಿದೆ. ಕರಡು ಓದುವವನು ಹೊಡೆದುಹಾಕಿದ ಸಾಲುಗಳನ್ನೂ ಓದುತ್ತಾನೆ. ಅದು ನನ್ನ ಕಸುಬು. ಮೊದಲ ವಾಕ್ಯಕ್ಕೆ ಆಕೆ ಕೈಯೆತ್ತಿದರು. ಇನ್ನೊಮ್ಮೆ ಓದಿಸಿದರು. ಅದು ಅಡ್ಡಗೆರೆ ಎಳೆದ ಸಾಲು ಎಂದೆ. “ಇದು ನನಗೆ ಗೊತ್ತಿರಲಿಲ್ಲ” ಎಂದು ಹೇಳಿ, ಕನ್ನಡದಲ್ಲಿ ಅರ್ಥ ಹೇಳಿದರು: ‘ಅವಳನ್ನು ತೆಗೆದುಹಾಕಿದ್ದಾರೆ. ತೆಗೆದವರು ಮೂರ್ಖರು.’ ಅದರ ಕೆಳಗಿನ ಸಾಲಿಗೂ ಅಡ್ಡಗೆರೆ ಬಿದ್ದಿತ್ತು: ‘ದಣಿದಿದ್ದಾಳೆ, ತಾನೇ ಬಿಟ್ಟಳು.’ ಮೂರನೆಯದಕ್ಕೆ ಗೆರೆಯಿರಲಿಲ್ಲ: ‘ಹಾಂವೆಂಚ್ ನಾಕಾ ಮ್ಹಳೆಂ.’ ನಾನೇ ಬೇಡವೆಂದೆ. ಕೂದಲೆಳೆಯನ್ನೂ ತೂಗಿ ನೋಡುವ ಮನುಷ್ಯ, ಎರಡು ಮಾತುಗಳನ್ನು ತೂಗಿ ಬದಿಗಿಟ್ಟು, ಹೆಂಡತಿಗೆ ಹಗುರಾದ ಮೂರನೆಯದನ್ನು ಆರಿಸಿದ್ದರು. ಸಿಸ್ಟರ್ ಹಾಳೆಯನ್ನು ಇಸಿದುಕೊಂಡು ಕಣ್ಣಿನ ಪಕ್ಕಕ್ಕೆ ಹಿಡಿದರು. ಆಮೇಲೆ, “ಮೂರ್ಖರು ಅಂತ ಬರೆದಿದ್ದಾರಾ? ಅವರ ಬಾಯಲ್ಲಿ ಅಷ್ಟು ದೊಡ್ಡ ಬೈಗುಳ ನಾನು ಕೇಳಿಯೇ ಇಲ್ಲ” ಎಂದರು.

ಈಗ ನನ್ನ ಮೊಂಡುತನದ ವಿಷಯ. ಪುಟ ನಾನು ಕಂಡದ್ದು. ಅಕ್ಷರ ನಾನು ಓದಿದ್ದು. ಅರ್ಥ ಮಾತ್ರ ಆಕೆ ಹೇಳಿದ್ದು. ಪರೀಕ್ಷಿಸದ ಅನುವಾದವನ್ನು ಬಿನ್ನವತ್ತಳೆಯಲ್ಲಿ ಸೇರಿಸಲು ನಾನು ಒಪ್ಪಲಿಲ್ಲ. ಮಗಳಿಗೆ ಫೋನು ಮಾಡಿದರೆ, ಅಂಕಲ್, ನನಗೆ ಆ ಲಿಪಿ ಬರುವುದಿಲ್ಲ, ಮಮ್ಮಿ ತನಗೆ ಬೇಕಾದಂತೆ ಅರ್ಥ ಹೇಳುತ್ತಾರೆ ಎಂದು ವಿನಯವಾಗಿಯೇ ಮಾತು ಮುಗಿಸಿದರು. ವಕೀಲರು ಹಾಗೆಯೇ ಹೇಳಬೇಕು. ಆ ಮಾತಿನಲ್ಲಿಯೇ ನನಗೆ ದಾರಿ ಕಂಡಿತು. ಓದಬಲ್ಲವನಿಗೆ ಅರ್ಥವಾಗದು, ಅರ್ಥ ತಿಳಿಯಬಲ್ಲವರಿಗೆ ಓದಲು ಬಾರದು. ಅಂದರೆ ನನ್ನ ಬಾಯಿ, ಅವರ ಕಿವಿ. ನಡುವೆ ಯಾರೂ ಬೇಡ.

ರಾಜ್ಯೋತ್ಸವ ನಡೆದದ್ದು ಬಾಡಿಗೆಗೆ ಪಡೆದ ಹೈಸ್ಕೂಲಿನ ಸಭಾಂಗಣದಲ್ಲಿ. ಸಿಸ್ಟರ್ ಅವರಿಗೆ ಶಾಲು ಹೊದಿಸಿ, ಹಣ್ಣಿನ ಬುಟ್ಟಿ ಕೊಟ್ಟು, ತಲೆಗೆ ಮೈಸೂರು ಪೇಟ ಇಟ್ಟರು. ಆಕೆ ನನ್ನ ಕಡೆ ಬಾಗಿ, “ಆರನೇ ದೇಶ” ಎಂದು ಪಿಸುಗುಟ್ಟಿದರು. ಮಗಳು ಮೊದಲ ಸಾಲಿನಲ್ಲಿ ಕುಳಿತಿದ್ದರು. ಕಾರ್ಯದರ್ಶಿ ಫ್ಲೈಯರಿನ ಮಾತುಗಳನ್ನೇ ಮೈಕಿನಲ್ಲಿ ಹೇಳಿ, ಗಂಡಂದಿರ ದಬ್ಬಾಳಿಕೆಯ ಬಗ್ಗೆ ಒಂದು ಮಾತು ಸೇರಿಸಿ, ಚಪ್ಪಾಳೆ ಗಿಟ್ಟಿಸಿ, ನನ್ನನ್ನು ಕರೆದರು.

ಬಿನ್ನವತ್ತಳೆಯನ್ನು ಯಾರೂ ಕೇಳಿಸಿಕೊಳ್ಳುವುದಿಲ್ಲವೆಂಬುದು ನನಗೆ ಮುದ್ರಣಾಲಯದ ಕಾಲದಿಂದಲೂ ಗೊತ್ತು. ಹಿಂದಿನ ಸಾಲುಗಳಲ್ಲಿ ಬಿಸಿಬೇಳೆಬಾತಿನ ಮಾತು ನಡೆದಿತ್ತು, ಮಕ್ಕಳು ಓಡಾಡುತ್ತಿದ್ದರು. ಪತಾಕೆ ದಿಗಂತಗಳಿಲ್ಲದ ನನ್ನ ಹಾಳೆಯಲ್ಲಿ ಕಂಡದ್ದಷ್ಟೇ ಇತ್ತು: ಕೊಳದ ಬೆಂಚು, ನಾಲ್ಕು ತಟ್ಟೆ, ಹದಿನೇಳನೆಯ ಪುಟ. ಅದನ್ನು ಓದಿ ಮುಗಿಸಿ, ಈ ಪುಟದ ಹಿಂಬದಿಯಲ್ಲಿ ಒಂದು ಕಾಗದವಿದೆ, ನನಗೆ ಅರ್ಥವಾಗದು, ಇದ್ದಂತೆ ಓದುತ್ತೇನೆ ಎಂದೆ. ಹೊಡೆದುಹಾಕಿದ ಸಾಲುಗಳಿಗೆ ಮುಂಚೆ ‘ಇದಕ್ಕೆ ಗೆರೆ ಎಳೆದಿದೆ’ ಎಂದು ಇಂಗ್ಲಿಷಿನಲ್ಲಿಯೂ ಹೇಳಿ ಓದಿದೆ.

ಆ ಸಭೆಯಲ್ಲಿ ಆ ಮಾತುಗಳು ತಿಳಿದದ್ದು ಇಬ್ಬರಿಗೆ. ವೇದಿಕೆಯ ಮೇಲಿದ್ದವರು ಕಣ್ಣುಮುಚ್ಚಿ ಕುಳಿತಿದ್ದರು. ಮೊದಲ ಸಾಲಿನಲ್ಲಿದ್ದವರು ಮೊದಲ ವಾಕ್ಯಕ್ಕೆ ತಲೆಯೆತ್ತಿದರು. ಎರಡನೆಯದಕ್ಕೆ ಎದ್ದು ನಿಂತರು.

“ಅಂಕಲ್, ಫಸ್ಟ್ ಲೈನ್, ಇನ್ನೊಂದ್ ಸಲ” ಎಂದರು.

ಓದಿದೆ. ಕಾಗದವನ್ನು ಕೈಗೆ ಕೊಡಿ ಎಂದರು, ಕೊಟ್ಟೆ. ಓದಲು ಬಾರದ ಅಕ್ಷರಗಳ ಮೇಲೆ ಎಳೆದ ಎರಡು ಗೆರೆಗಳನ್ನು ಬೆರಳಿನಿಂದ ಮುಟ್ಟಿ ನೋಡಿದರು, ಹಾಳೆ ತಿರುಗಿಸಿ ಹದಿನೇಳನೆಯ ಪುಟವನ್ನು ಓದಿದರು, ಮತ್ತೆ ತಿರುಗಿಸಿದರು. ಆಕೆ ವೇದಿಕೆ ಹತ್ತಿ ಮೈಕು ತೆಗೆದುಕೊಂಡರು. ಇಂಗ್ಲಿಷಿನಲ್ಲಿ ಹೇಳಿದ್ದನ್ನು ನಾನು ಕನ್ನಡದಲ್ಲಿ ಬರೆಯುತ್ತಿದ್ದೇನೆ: ಮೂರು ವರ್ಷದ ಹಿಂದೆ ನಾನು ನಿಮ್ಮಲ್ಲಿ ಅನೇಕರ ಎದುರು ನನ್ನ ತಂದೆಯ ಮೇಲೆ ಒಂದು ಆರೋಪ ಹೊರಿಸಿದ್ದೆ. ಅದು ಸುಳ್ಳು. ನನ್ನ ತಾಯಿಯನ್ನು ಕೆಲಸದಿಂದ ತೆಗೆದವರು ಬೇರೆ. ಅದರ ಅವಮಾನ ತಾಯಿಗೆ ತಟ್ಟದಿರಲೆಂದು ತಂದೆ ಐವತ್ತು ವರ್ಷ ಅದನ್ನು ತನ್ನದೆಂದು ಹೊತ್ತುಕೊಂಡರು. ಆಮೇಲೆ ತಾಯಿಯ ಕಡೆ ತಿರುಗಿ ಕೊಂಕಣಿಯಲ್ಲಿ ಏನೋ ಕೇಳಿದರು. ಅದೇನೆಂದು ನನಗೆ ಗೊತ್ತಿಲ್ಲ. ಕೇಳಿ ತಿಳಿಯುವ ಹಕ್ಕು ನನಗಿದೆಯೆಂದು ಅನ್ನಿಸಲೂ ಇಲ್ಲ.

ತಾಯಿ ಪೇಟ ತೆಗೆದು ಹಣ್ಣಿನ ಬುಟ್ಟಿಯ ಮೇಲಿಟ್ಟು, ಮಗಳ ಮಣಿಕಟ್ಟು ಹಿಡಿದರು. ಎರಡು ಬೆರಳು ತಮ್ಮ ಜಾಗ ಹುಡುಕಿಕೊಂಡವು. ಮಗಳನ್ನು ಕಾಣಲು ಮುಖ ಪಕ್ಕಕ್ಕೆ ತಿರುಗಿತು. ಬೆಳಕು ಅದರ ಮೇಲೆ ಪೂರ್ತಿಯಾಗಿ ಬಿದ್ದಿತ್ತು.

ಕಾರ್ಯದರ್ಶಿ ನನ್ನ ಪಕ್ಕ ಬಂದು, “ಅಂಕಲ್, ಪ್ರೋಗ್ರಾಂ ಲೇಟ್ ಆಗ್ತಿದೆ” ಎಂದು ಮೆಲ್ಲಗೆ ಹೇಳಿ ಮೈಕಿಗೆ ಕೈಚಾಚಿದರು. ನಾನು ಅವರ ಕೈ ಹಿಡಿದುಕೊಂಡೆ.

“ಎಣಿಸುತ್ತಿದ್ದಾರೆ” ಎಂದೆ. “ಮುಗಿಯಲಿ.”